ಅಡುಗೆಮನೆ ಬಾಗಿಲಿನ ಕಾರ್ಪೊರೇಟರ್

ನಾನು ಐದು ವರ್ಷ ಈ ವಾರ್ಡಿನ ಕಾರ್ಪೊರೇಟರ್ ಆಗಿದ್ದವಳು. ಹೀಗೆ ಬರೆಯುವಾಗ ನನಗೇ ಒಂಥರಾ ಆಗುತ್ತದೆ, ಯಾಕೆಂದರೆ ನಮ್ಮ ಮನೆಯಲ್ಲಿ ಆ ಮಾತನ್ನು ಯಾರೂ ಆಡುವುದಿಲ್ಲ. ದೀಪಾಂಜಲಿ ನಗರದ ನಮ್ಮ ಬೀದಿಯಲ್ಲಿ ಈಗಲೂ ಕಾರ್ಪೊರೇಟರ್ ಅಂದರೆ ನಮ್ಮ ಯಜಮಾನರು. ಹಾಲಿನವನಿಗೂ ಅವರೇ, ಮೆಟ್ರೊ ಸ್ಟೇಷನ್ ಕೆಳಗೆ ನಿಲ್ಲುವ ಆಟೊದವರಿಗೂ ಅವರೇ. ಚುನಾವಣೆಗೆ ನಿಂತವಳು ನಾನು, ಗೆದ್ದವಳು ನಾನು, ಪ್ರಮಾಣವಚನ ತೆಗೆದುಕೊಂಡವಳು ನಾನು. ಅವಧಿ ಮುಗಿದು ವರ್ಷಗಳಾದವು, ಪದವಿ ಮಾತ್ರ ಅವರಿಗೆ ಅಂಟಿಕೊಂಡು ಕೂತಿದೆ.

ಅವರನ್ನು ದೂರುವುದಕ್ಕೆ ಕೂತಿಲ್ಲ. ಆ ಮನುಷ್ಯ ಪಟ್ಟ ಪಾಡು ನಾನು ಕಂಡಿದ್ದೇನೆ. ನಾಯಂಡಹಳ್ಳಿಯ ಒಂದು ವರ್ಕ್‌ಶಾಪಿನಲ್ಲಿ ದುಡಿಯುತ್ತಲೇ ಪಕ್ಷಕ್ಕೆ ಪೋಸ್ಟರ್ ಅಂಟಿಸುತ್ತಿದ್ದರು. ಮದುವೆಯಾದ ಹೊಸದರಲ್ಲಿ ಅದಕ್ಕೆ ಮೈದಾ ಅಂಟು ಕಾಯಿಸಿ ಕೊಡುತ್ತಿದ್ದವಳು ನಾನೇ. ಎಷ್ಟು ತಿಕ್ಕಿದರೂ ಆ ಪಾತ್ರೆಯ ತಳದ ಅಂಟು ಬಿಡುತ್ತಿರಲಿಲ್ಲ, ಬೈದುಕೊಂಡು ತಿಕ್ಕುತ್ತಿದ್ದೆ. ಸಭೆಗೆ ಶಾಮಿಯಾನ ಹಾಕಿಸುವುದು, ಕುರ್ಚಿ ಜೋಡಿಸುವುದು, ಯಾರ ಮನೆಯಲ್ಲಿ ಸಾವಾದರೂ ಮೊದಲು ಹೋಗಿ ಹೆಗಲು ಕೊಡುವುದು, ಇದರಲ್ಲೇ ಅವರ ತಲೆಕೂದಲು ಬೆಳ್ಳಗಾಯಿತು. ಟಿಕೆಟ್ ಮಾತ್ರ ಪ್ರತಿ ಸಲವೂ ಇನ್ನೊಬ್ಬರ ಪಾಲಾಗುತ್ತಿತ್ತು. ಕೊನೆಗೊಮ್ಮೆ ಪಕ್ಷದ ದೊಡ್ಡವರು ಬೆನ್ನು ತಟ್ಟಿ, ಈ ಸಲ ನಿನಗೇ ಅಂದರು. ಮನೆಯಲ್ಲಿ ಸಿಹಿ ಮಾಡಿದ್ದೆ. ಆ ವಾರವೇ ಮೀಸಲಾತಿ ಪಟ್ಟಿ ಬಂತು. ನಮ್ಮ ವಾರ್ಡು ಮಹಿಳೆಯರಿಗೆ ಹೋಗಿತ್ತು.

ಅವರು ಬಚ್ಚಲಿಗೆ ಹೋಗಿ ನಲ್ಲಿ ಜೋರಾಗಿ ಬಿಟ್ಟುಕೊಂಡು ಅತ್ತರು. ಹೊರಗೆ ನಿಂತಿದ್ದ ನನಗೆ ಕೇಳಿಸಿತು. ಮುಖ ಒರೆಸಿಕೊಂಡು ಬಂದವರು, "ನೀನು ನಿಂತ್ಕೊಳ್ಳೇ. ಹೆಸರು ನಿಂದು, ಓಡಾಟ ನಂದು" ಅಂದರು. ನಾನು ಗ್ಯಾಸ್ ಸಿಲಿಂಡರ್ ತಂದವನಿಗೆ ಸಹಿ ಹಾಕಿಕೊಡುವಷ್ಟೇ ಸಲೀಸಾಗಿ ಹೂಂ ಅಂದೆ.

ಗೆದ್ದ ದಿನ ಹಾರವೆಲ್ಲ ಅವರ ಕೊರಳಿಗೆ ಬಿತ್ತು. ಭಾರ ಜಾಸ್ತಿಯಾದಾಗ ತೆಗೆದು ನನ್ನ ಕೈಗೆ ಕೊಡುತ್ತಿದ್ದರು. ವಾರ್ಡ್ ಆಫೀಸಿನಲ್ಲಿ ಒಂದು ದೊಡ್ಡ ಕುರ್ಚಿ ಇತ್ತು, ಅದರ ಬೆನ್ನಿಗೆ ಬಿಳಿ ಟವೆಲ್ ಹೊದಿಸಿದ್ದರು. ನಮ್ಮ ಕಡೆ ಯಾವ ಆಫೀಸಿಗೆ ಹೋದರೂ ಟವೆಲ್ ಇರುವ ಕುರ್ಚಿಯೇ ಸಾಹೇಬರ ಕುರ್ಚಿ. ಅದರಲ್ಲಿ ಅವರು ಕೂತರು, ಪಕ್ಕದ ಪ್ಲಾಸ್ಟಿಕ್ ಕುರ್ಚಿಯಲ್ಲಿ ನಾನು ಕೂತೆ. ಅಲ್ಲಿ ಕೂರು ಅಂತ ಯಾರೂ ಹೇಳಲಿಲ್ಲ. ವಾರ್ಡಿನ ಫೋನೂ ಅವರ ಜೇಬಿನಲ್ಲೇ. "ಕಾರ್ಪೊರೇಟರ್ ಮಾತಾಡ್ತಾ ಇದೀನಿ" ಅಂತ ಅವರು ಹೇಳುವಾಗ ನಾನು ಪಕ್ಕದಲ್ಲಿ ಅವರೆಕಾಯಿ ಸುಲಿಯುತ್ತಾ ಇದ್ದದ್ದೂ ಉಂಟು.

ಕೌನ್ಸಿಲ್ ಸಭೆಗೆ ಮಾತ್ರ ಅವರು ಒಳಗೆ ಬರುವಂತಿರಲಿಲ್ಲ. ನಮ್ಮಂಥವರ ಗಂಡಂದಿರೆಲ್ಲ ಹೊರಗೆ ಕಾರಿಡಾರಿನಲ್ಲಿ ನಿಂತು ಕಾಫಿ ಕುಡಿಯುತ್ತಾ, ಒಬ್ಬರನ್ನೊಬ್ಬರು ಕಾರ್ಪೊರೇಟರೇ ಅಂತ ಕರೆದುಕೊಳ್ಳುತ್ತಿದ್ದರು. ಒಳಗೆ ನಾವು ಹೆಂಗಸರು, ಹೊಸ ರೇಷ್ಮೆ ಸೀರೆಯಲ್ಲಿ, ಎದ್ದು ನಿಲ್ಲಬೇಕಾದದ್ದು ಯಾವಾಗ ಅಂತ ಅಕ್ಕಪಕ್ಕ ನೋಡಿಕೊಳ್ಳುತ್ತಿದ್ದೆವು.

ನಾನು ಕೆಲಸ ಕಲಿತದ್ದು ಆಫೀಸಿನಲ್ಲೂ ಅಲ್ಲ, ಕೌನ್ಸಿಲ್ಲಿನಲ್ಲೂ ಅಲ್ಲ. ನಮ್ಮ ಮನೆಗೂ ಪಕ್ಕದ ಮನೆಗೂ ನಡುವೆ ಒಂದು ಸಂದಿ ಇದೆ, ಅಲ್ಲಿಂದ ಬಂದರೆ ಅಡುಗೆಮನೆ ಬಾಗಿಲು. ಮುಂದಿನ ಜಗಲಿಯಲ್ಲಿ ಗಂಡಸರು ಯಜಮಾನರನ್ನು ಸುತ್ತಿಕೊಂಡು ಕೂತಿದ್ದರೆ, ಹೆಂಗಸರು ಈ ಸಂದಿಯಲ್ಲಿ ಬರುತ್ತಿದ್ದರು. ಬೀದಿದೀಪವಿಲ್ಲದ ತಿರುವಿನಲ್ಲಿ ಹುಡುಗಿಯರು ಹೇಗೆ ಓಡಿಕೊಂಡು ಬರುತ್ತಾರೆ ಅಂತ ಹೇಳುತ್ತಿದ್ದರು. ಮಾರ್ಕೆಟ್ಟಿನಲ್ಲಿ ಸೊಪ್ಪು ಮಾರುವವರು ಬೆಳಗಿನಿಂದ ಸಂಜೆವರೆಗೆ ನೀರೇ ಕುಡಿಯುವುದಿಲ್ಲ, ಕುಡಿದರೆ ಹೋಗುವುದಕ್ಕೆ ಜಾಗವಿಲ್ಲ ಅನ್ನುತ್ತಿದ್ದರು. ನಾನು ಒಗ್ಗರಣೆ ಹಾಕುತ್ತಾ ಕೇಳಿಸಿಕೊಳ್ಳುತ್ತಿದ್ದೆ. ರಾತ್ರಿ ಊಟಕ್ಕೆ ಕೂತಾಗ ಯಜಮಾನರ ಕಿವಿಗೆ ಹಾಕುತ್ತಿದ್ದೆ, ಅವರಿಗೆ ಮನಸ್ಸು ಬಂದರೆ ಆಗುತ್ತಿತ್ತು.

ಒಂದು ಮಳೆಗಾಲ ಅವರು ಪಕ್ಷದವರ ಜೊತೆ ತಿರುಪತಿಗೆ ಹೋಗಿದ್ದರು. ನಾಯಂಡಹಳ್ಳಿ ಕಡೆಯ ತಗ್ಗಿನ ಬೀದಿಯಲ್ಲಿ ಚರಂಡಿ ಉಕ್ಕಿ ಮನೆಗಳಿಗೆ ನುಗ್ಗಿತು ಅಂತ ಹೆಂಗಸರು ಬಂದು ಕರೆದರು. ಹೋದೆ. ಒಂದು ಮನೆಯಲ್ಲಿ ಬಾಣಂತಿ ಮಂಚದ ಮೇಲೆ ಮಗುವನ್ನು ಅವಚಿಕೊಂಡು ಕೂತಿದ್ದಳು, ಮಂಚದ ಕೆಳಗೆ ಕಪ್ಪು ನೀರು. ಎಂಜಿನಿಯರ್ ನಂಬರ್ ನನ್ನ ಹತ್ತಿರ ಇರಲಿಲ್ಲ, ಫೋನಿನ ಜೊತೆ ಅದೂ ತಿರುಪತಿಗೆ ಹೋಗಿತ್ತು. ಸಿಟ್ಟು ನೆತ್ತಿಗೇರಿತು. ಯಾರದೋ ಮನೆಯ ಕುರ್ಚಿ ಎಳೆದುಕೊಂಡು ಬೀದಿ ಬಾಯಿಗೆ ಹಾಕಿ ಕೂತುಬಿಟ್ಟೆ, ಹೆಂಗಸರೆಲ್ಲ ಸುತ್ತ ನಿಂತರು. ಗಾಡಿಗಳೆಲ್ಲ ನಿಂತು ಹಾರ್ನ್ ಹೊಡೆಯತೊಡಗಿದ ಮೇಲೆ ಎಂಜಿನಿಯರ್ ಬಂದರು. ಬಂದವರೇ, "ಸಾರ್ ಇಲ್ವಾ ಮೇಡಂ?" ಅಂತ ಕೇಳಿದರು.

"ಸಾರ್ ಇಲ್ಲ. ನಾನಿದೀನಿ" ಅಂದೆ.

ಜೆಸಿಬಿ ಬಂತು, ಚಪ್ಪಡಿ ಎತ್ತಿಸಿದರು. ಕೆಸರಿನಲ್ಲಿ ಸೀರೆ ಎತ್ತಿ ಸಿಕ್ಕಿಸಿಕೊಂಡು ಸಂಜೆವರೆಗೆ ಅಲ್ಲೇ ನಿಂತಿದ್ದೆ. ಆಮೇಲೂ ಬಿಡಲಿಲ್ಲ. ಹಳೇ ಪೈಪ್ ತೆಗೆಸಿ ದೊಡ್ಡದು ಹಾಕಿಸುವವರೆಗೆ ಆ ಎಂಜಿನಿಯರನ್ನು ಎಡತಾಕಿದೆ. ಅವರು ನನ್ನನ್ನು ದೂರದಿಂದ ಕಂಡರೆ ಬೇರೆ ದಾರಿ ಹಿಡಿಯುವಷ್ಟು ಕಾಡಿಸಿದೆ. ಮತ್ತೆ ಆ ಬೀದಿಗೆ ನೀರು ನುಗ್ಗಲಿಲ್ಲ. ಉದ್ಘಾಟನೆಯ ದಿನ ಯಜಮಾನರು ಟೇಪ್ ಕತ್ತರಿಸಿದರು, ಕತ್ತರಿ ಇಟ್ಟ ತಟ್ಟೆ ನಾನು ಹಿಡಿದಿದ್ದೆ. ಆವತ್ತು ನನಗೆ ಬೇಜಾರೇನೂ ಆಗಲಿಲ್ಲ. ನಾನು ಏನು ಮಾಡಬಲ್ಲೆ ಅಂತ ನನಗೆ ಗೊತ್ತಾಗಿತ್ತು, ಆ ಖುಷಿ ಸಾಕಾಗಿತ್ತು.

ಅವಧಿ ಮುಗಿಯಿತು. ಇನ್ನೊಂದು ಸಲ ಬೇಕು ಅಂತ ನನಗೆ ಆಸೆಯಾಯಿತು. ಆಸೆ ಅನ್ನುವುದು ಸಣ್ಣ ಮಾತು, ಹಸಿವು ಅನ್ನಬೇಕು. ಹೊಸ ಪಟ್ಟಿ ಬಂದಾಗ ವಾರ್ಡು ಸಾಮಾನ್ಯಕ್ಕೆ ಬಂದಿತ್ತು. ಯಜಮಾನರ ಹಿಂದೆ ಓಡಾಡುವ ಹುಡುಗರು ಬೀದಿಯಲ್ಲಿ ಪಟಾಕಿ ಹೊಡೆದರು. ಇಲ್ಲಿ ಎಲ್ಲರ ತಲೆಯಲ್ಲೂ ಕೂತಿರುವುದು ಒಂದೇ: ಮಹಿಳಾ ಮೀಸಲು ಅಂದರೆ ಹೆಂಗಸರದು, ಸಾಮಾನ್ಯ ಅಂದರೆ ಗಂಡಸರದು. ಕುರ್ಚಿ ಅಣ್ಣನಿಗೆ ವಾಪಸ್ ಬಂತು ಅಂತ ಹೇಳಿಕೊಂಡು ಓಡಾಡಿದರು. ನಾನೂ ಹಾಗೇ ನಂಬಿದ್ದವಳೇ. ಆದರೆ ಸದಸ್ಯೆಯರಿಗೆ ಅಂತ ನಡೆಸಿದ ಒಂದು ತರಬೇತಿಯಲ್ಲಿ ಒಬ್ಬ ಮೇಡಂ ಬಿಡಿಸಿ ಹೇಳಿದ್ದರು, ಸಾಮಾನ್ಯ ಕ್ಷೇತ್ರದಲ್ಲಿ ಗಂಡಸೂ ನಿಲ್ಲಬಹುದು, ಹೆಂಗಸೂ ನಿಲ್ಲಬಹುದು ಅಂತ. ಪಕ್ಷದ ದೊಡ್ಡವರು ಮನೆಗೆ ಬಂದ ದಿನ ಕಾಫಿ ಕೊಟ್ಟು, ತಟ್ಟೆ ಹಿಡಿದುಕೊಂಡೇ ಆ ಮಾತು ಹೇಳಿದೆ. ನಾನೇ ನಿಲ್ಲುತ್ತೇನೆ ಅಂತಲೂ ಹೇಳಿದೆ. ಅವರು ನಕ್ಕರು. ಏನಪ್ಪಾ, ಮನೆಯಲ್ಲೇ ಬಂಡಾಯ ಅಭ್ಯರ್ಥಿ ಸಾಕಿದೀಯಲ್ಲ ಅಂತ ಯಜಮಾನರನ್ನು ಛೇಡಿಸಿ ಕಾಫಿ ಮುಗಿಸಿದರು.

ಅವರು ಹೋದ ಮೇಲೆ ಇವರು ಬೈಯಬಹುದು ಅಂದುಕೊಂಡಿದ್ದೆ. ಬೈಯಲಿಲ್ಲ. ಸೋಫಾದ ಮೇಲೆ ಕೂತು ನನ್ನನ್ನೇ ನೋಡಿದರು, ನಿಜವಾಗಿಯೂ ಅರ್ಥವಾಗದವರ ಹಾಗೆ.

"ಇನ್ನೊಂದ್ಸಲ ಅಂತೀಯಲ್ಲ, ನೀನು ಯಾವಾಗ ಕಾರ್ಪೊರೇಟರ್ ಆಗಿದ್ದೆ ಕಣೇ?"

ಹಂಗಿಸಿದ್ದರೆ ತಿರುಗಿಸಿ ಅನ್ನುತ್ತಿದ್ದೆ, ನನ್ನ ಬಾಯೇನೂ ಕಡಿಮೆಯಿಲ್ಲ. ಅವರು ಕೇಳಿದ್ದು ಪ್ರಶ್ನೆ. ಅದಕ್ಕೆ ಉತ್ತರ ಕೊಡಬೇಕಾದವರು ನಾನಲ್ಲ, ಆ ತಗ್ಗಿನ ಬೀದಿಯವರು ಅಂತ ಮನಸ್ಸಿನಲ್ಲೇ ಅಂದುಕೊಂಡು ಲೋಟ ತೊಳೆಯುವುದಕ್ಕೆ ಹೋದೆ.

ಚುನಾವಣೆ ನಡೆಯಲೇ ಇಲ್ಲ. ಇವತ್ತು, ನಾಳೆ, ಕೋರ್ಟು, ಹೊಸ ಗಡಿ ಅಂತ ವರ್ಷಗಳು ಉರುಳಿದವು. ವಾರ್ಡನ್ನು ಕತ್ತರಿಸಿ ಇನ್ನೊಂದಕ್ಕೆ ಸೇರಿಸಿದರು, ಊರನ್ನೇ ಭಾಗ ಮಾಡಿದರು. ಯಜಮಾನರು ದಿನಾ ಬೆಳಿಗ್ಗೆ ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಜಗಲಿಯಲ್ಲಿ ಕೂರುತ್ತಾರೆ. ಮೊದಲು ಮೆಟ್ಟಿಲವರೆಗೂ ಚಪ್ಪಲಿ ತುಂಬಿರುತ್ತಿತ್ತು. ಈಗ ಯಾರೂ ಬರುವುದಿಲ್ಲ. ಪೇಪರನ್ನು ಮಡಿಸಿ, ಬಿಚ್ಚಿ, ಮತ್ತೆ ಓದುತ್ತಾರೆ. ಸಕ್ಕರೆ ಕಾಯಿಲೆ ಜಾಸ್ತಿಯಾಗಿ ಕಾಲು ಊದಿದೆ. ನೋಡಿದರೆ ಸಂಕಟವಾಗುತ್ತದೆ, ಜೊತೆಗೆ ಸಿಟ್ಟೂ ಬರುತ್ತದೆ.

ಹೋದ ತಿಂಗಳು ಮತ್ತೆ ಚುನಾವಣೆಯ ಸುದ್ದಿ ಎದ್ದಿತು. ಈ ಸಲ ನಾನು ಸುಮ್ಮನೆ ಕೂರಲಿಲ್ಲ. ಯಾರಿಗೂ ಹೇಳದೆ ತಗ್ಗಿನ ಬೀದಿಗೆ ಹೋದೆ. ಆವತ್ತಿನ ಬಾಣಂತಿ ಈಗ ಗಾರ್ಮೆಂಟ್ಸಿಗೆ ಹೋಗುತ್ತಾಳೆ. ಮಗು ಸ್ಕೂಲಿಗೆ ಹೋಗಿತ್ತು. ನನ್ನನ್ನು ಕಂಡು ಅಕ್ಕಾ ಅಂತ ಕೈ ಹಿಡಿದುಕೊಂಡಳು, ಅಕ್ಕಪಕ್ಕದವರನ್ನೆಲ್ಲ ಕರೆದಳು, ಕಾಫಿ ಮಾಡಿದಳು. ಪಕ್ಷ ಕೊಡದಿದ್ದರೂ ನಿಲ್ಲೋಣ ಅಂತಿದೀನಿ, ನೀವೆಲ್ಲ ನನಗೆ ಹಾಕುತ್ತೀರಾ ಅಂತ ಕೇಳಿದೆ.

ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಕೊನೆಗೆ ಅವಳೇ, ನನಗೆ ನೋವಾಗದ ಹಾಗೆ ಮೆತ್ತಗೆ ಹೇಳಿದಳು.

"ಗಂಡ ಹೆಂಡ್ತಿ ಇಬ್ರೂ ನಿಂತ್ರೆ ಚೆನ್ನಾಗಿರಲ್ಲ ಅಕ್ಕ. ಅಣ್ಣಂಗೆ ಹಾಕಿದ್ರೆ ನಿಮಗೆ ಹಾಕ್ದಂಗೇ ಅಲ್ವಾ? ಆವತ್ತು ನೀವು ಬಂದು ಕೂತಿದ್ದಕ್ಕೇ ತಾನೇ ಅಣ್ಣ ನಮಗೆ ಪೈಪ್ ಹಾಕ್ಸಿ ಕೊಟ್ಟಿದ್ದು."

ಅವಳ ಮಾತಿನಲ್ಲಿ ಪ್ರೀತಿ ಬಿಟ್ಟು ಬೇರೇನೂ ಇರಲಿಲ್ಲ. ಹೌದು ಕಣಮ್ಮ ಅಂದೆ. ಕಾಫಿ ಮುಗಿಸಿ, ಅವಳ ಕೈಲಿ ಕುಂಕುಮ ಇಡಿಸಿಕೊಂಡು ಎದ್ದೆ.

ಮನೆಗೆ ಬಂದಾಗ ಯಜಮಾನರು ಜಗಲಿಯಲ್ಲೇ ಇದ್ದರು. ಬಿಸಿಲಲ್ಲಿ ಎಲ್ಲಿಗೆ ಹೋಗಿದ್ದೆ ಅಂತ ಕೇಳಿದರು.

"ನಿಮಗೆ ವೋಟ್ ಕೇಳ್ಕೊಂಡು ಬಂದೆ."

"ಏನಂದ್ರು?"

"ಹಾಕ್ತಾರಂತೆ."

ಎಷ್ಟೋ ತಿಂಗಳ ಮೇಲೆ ಅವರ ಮುಖ ಅರಳಿತು. ಪೇಪರ್ ಪಕ್ಕಕ್ಕಿಟ್ಟು, ಯಾರು ಯಾರು ಇದ್ದರು, ಏನೇನು ಅಂದರು ಅಂತ ಕೇಳುತ್ತಲೇ ಹೋದರು. ಹೇಳುತ್ತಾ ಹೇಳುತ್ತಾ ನನಗೆ ಅಳು ಬಂದುಬಿಟ್ಟಿತು. ತಮ್ಮ ಸಂತೋಷ ನೋಡಿಯೇ ನಾನು ಅಳುತ್ತಿದ್ದೇನೆ ಅಂದುಕೊಂಡು ಅವರು ನನ್ನ ಬೆನ್ನು ಸವರಿದರು.