ಏನೂ ಆಗಬೇಕಿಲ್ಲ

ಆಸ್ಪತ್ರೆಯ ಹಿಂಭಾಗದಲ್ಲಿ, ಬಟ್ಟೆ ಒಗೆಯುವ ಕೋಣೆಗೂ ಶವಾಗಾರಕ್ಕೂ ನಡುವೆ ಒಂದು ಕಿಟಕಿ ಇದೆ. ಅಲ್ಲೇ ಯಾಕೆ ಇಟ್ಟರು ಎಂದು ಕೇಳಬೇಡಿ. ಅಮಲಿನ ಚಟ ಬಿಡಿಸುವ ವಿಭಾಗಕ್ಕೆ ಮುಂಬಾಗಿಲ ಹತ್ತಿರ ಜಾಗ ಕೊಟ್ಟ ಪುಣ್ಯಾತ್ಮರು ಇನ್ನೂ ಹುಟ್ಟಿಲ್ಲ. ಬೆಳಿಗ್ಗೆ ಒಂಬತ್ತಕ್ಕೆ ತೆರೆಯುವ ಆ ಕಿಟಕಿ ಹನ್ನೆರಡಕ್ಕೆ ಮುಚ್ಚುತ್ತದೆ. ಒಳಗೆ ಕೂರುವ ನರ್ಸಿಗೆ ನಲವತ್ತೈದು ದಾಟಿದೆ, ಕೋಪ ಯಾವಾಗಲೂ ಮೂಗಿನ ತುದಿಯಲ್ಲಿ. ಅವಳನ್ನು ಎಲ್ಲರೂ ಕಿಟಕಿ ಅಕ್ಕ ಅನ್ನುತ್ತಾರೆ.

ಕೆಲಸ ಹೇಳುವುದಕ್ಕೆ ಸುಲಭ. ಮಾದಕ ಪುಡಿಯ ಚಟಕ್ಕೆ ಬಿದ್ದವರ ಮೈ ಪುಡಿಯನ್ನು ಬೇಡದಂತೆ ಹಿಡಿದಿಡುವ ಒಂದು ಮಾತ್ರೆ ಇದೆ. ಅದನ್ನು ನುಂಗುವಂತಿಲ್ಲ, ನಾಲಗೆಯ ಕೆಳಗಿಟ್ಟು ಕರಗಿಸಬೇಕು. ಹತ್ತು ನಿಮಿಷ ಅವಳ ಕಣ್ಣೆದುರಿನ ಬೆಂಚಿನಲ್ಲಿ ತುಟಿಪಿಟಕ್ಕೆನ್ನದೆ ಕೂತು, ಆಮೇಲೆ ಕಿಟಕಿಗೆ ಬಂದು ನಾಲಗೆ ಎತ್ತಿ ತೋರಿಸಬೇಕು. ಮಾತ್ರೆಯನ್ನು ದವಡೆಯಲ್ಲಿ ಬಚ್ಚಿಟ್ಟುಕೊಂಡು ಹೋಗಿ ಬೀದಿಯಲ್ಲಿ ಮಾರಬಾರದೆಂದು ಈ ನಿಯಮ. ಅದರ ಮೇಲೆ ಅಕ್ಕನ ಸ್ವಂತ ಒಗ್ಗರಣೆ ಒಂದಿದೆ. ಬರೀ ತೋರಿಸಿದರೆ ಸಾಲದು, "ಆಯ್ತು ಅಕ್ಕ" ಅನ್ನಬೇಕು. ಬಾಯಲ್ಲಿ ಏನಾದರೂ ಉಳಿದಿದ್ದರೆ ಮಾತು ತೊದಲುತ್ತದೆ, ಅವಳ ಕಿವಿ ಹಿಡಿದುಬಿಡುತ್ತದೆ.

"ನನ್ನ ಹೆಂಡ್ತಿ ಇಪ್ಪತ್ತು ವರ್ಷದಿಂದ ನನ್ನ ಬಾಯಿ ಮುಚ್ಚಿಸೋಕೆ ಒದ್ದಾಡ್ತಿದ್ಲು ಅಕ್ಕ. ನೀವು ಒಂದೇ ಮಾತ್ರೇಲಿ ಮುಚ್ಚಿಸಿದ್ರಿ" ಎಂದು ದರ್ಜಿಯೊಬ್ಬ ದಿನಾ ಹೇಳುತ್ತಾನೆ. ದಿನಾ ಅದೇ ಮಾತು. ಅವಳೂ ದಿನಾ, "ಬಂದು ಕೇಳ್ತೀನಿ ಇರು, ಅವಳ ಹತ್ರ" ಎಂದು ಗದರುತ್ತಾಳೆ.

ಹೀಗೆ ಒಂದು ಬೆಳಗಿಗೆ ಅರವತ್ತು ಸಲ "ಆಯ್ತು ಅಕ್ಕ" ಕಿವಿಗೆ ಬೀಳುತ್ತದೆ. ಹಾಗೆ ಕರೆಯಬೇಕಾದ ಒಂದೇ ಒಂದು ಬಾಯಿ ಮಾತ್ರ ಎಲ್ಲಿದೆಯೋ ಗೊತ್ತಿರಲಿಲ್ಲ. ನಿಜ ಹೇಳಬೇಕೆಂದರೆ ಅವಳು ಈ ಕಿಟಕಿಯನ್ನು ಕೇಳಿ ಪಡೆದದ್ದೇ ಅದಕ್ಕಾಗಿ. ಬದುಕಿದ್ದರೆ, ಬದುಕಬೇಕು ಅನಿಸಿದರೆ, ತಮ್ಮ ಒಂದಲ್ಲ ಒಂದು ದಿನ ಇಲ್ಲಿಗೇ ಬರಬೇಕು ಎಂಬುದು ಅವಳ ಲೆಕ್ಕಾಚಾರ.

ಅಮ್ಮ ತೀರಿಕೊಂಡಾಗ ಅವನಿಗೆ ಆರು ವರ್ಷ, ಇವಳಿಗೆ ಹದಿನೆಂಟು. ಎತ್ತಿ ಆಡಿಸಿದವಳು, ಉಣಿಸಿದವಳು, ಹೋಂವರ್ಕ್ ಮಾಡದಿದ್ದರೆ ಬೆನ್ನಿಗೆ ಬಾರಿಸಿದವಳು ಎಲ್ಲ ಇವಳೇ. ನರ್ಸಿಂಗ್ ಓದುವಾಗ ಇವಳು ದೇಹದ ಮೂಳೆಗಳ ಹೆಸರನ್ನು ಗಟ್ಟಿಯಾಗಿ ಬಾಯಿಪಾಠ ಮಾಡಿದರೆ ಅವನು ಪಕ್ಕದಲ್ಲಿ ಕೂತು ತಾನೂ ಒಪ್ಪಿಸುತ್ತಿದ್ದ. ಹದಿನೇಳು ಮೂಳೆ ಅವನಿಗೆ ಬರುತ್ತಿದ್ದವು. ಅಂಥ ಹುಡುಗ ದೊಡ್ಡವನಾಗಿ, ಒಂದು ಗೋದಾಮಿನಲ್ಲಿ ಕೆಲಸಕ್ಕೆ ಸೇರಿ, ಅಲ್ಲಿ ಯಾರದೋ ಸಹವಾಸಕ್ಕೆ ಬಿದ್ದು ಪುಡಿ ಹಿಡಿದ. ಮನೆಯಿಂದ ರೇಡಿಯೋ ಹೋಯಿತು, ಇಸ್ತ್ರಿಪೆಟ್ಟಿಗೆ ಹೋಯಿತು, ಇವಳ ವಾಚು ಹೋಯಿತು. ಒಂದು ದಿನ ಕುಕ್ಕರೂ ಹೋಯಿತು. ಅವಸರದಲ್ಲಿ ಮುಚ್ಚಳ ಬಿಟ್ಟು ಹೋಗಿದ್ದ. ಕಳ್ಳತನವನ್ನೂ ನೆಟ್ಟಗೆ ಮಾಡಲು ಬಾರದ ಪೆದ್ದ ಎಂದು ಅವಳು ಅಡುಗೆಮನೆಯಲ್ಲಿ ಕೂತು ಅತ್ತಳು.

ಆಮೇಲೆ ಆ ಮಧ್ಯಾಹ್ನ ಬಂತು. ಅವಳು ಬಟ್ಟೆ ಹಿಂಡುತ್ತಿದ್ದಳು. ಮುಂದಿನ ಬೀದಿಯ ಕಾವಲುಗಾರ ತಮ್ಮನ ಕೊರಳಪಟ್ಟಿ ಹಿಡಿದುಕೊಂಡು ಬಾಗಿಲಿಗೆ ಬಂದ. ಇನ್ನೊಂದು ಕೈಯಲ್ಲಿ ಯಾರದೋ ಸೈಕಲ್ಲು.

"ಇವನು ನಿಮಗೆ ಏನಾಗಬೇಕಮ್ಮ?" ಎಂದು ಕೇಳಿದ. ಒಳ್ಳೆಯ ಮನುಷ್ಯನೇ. ತಮ್ಮ ಅಂದಿದ್ದರೆ ನಾಲ್ಕು ಮಾತು ಬೈದು ಬಿಟ್ಟುಹೋಗುತ್ತಿದ್ದ. ಅದಕ್ಕೇ ಬಾಗಿಲ ತನಕ ಕರೆತಂದಿದ್ದು.

ತಮ್ಮ ಅವಳ ಮುಖವನ್ನೇ ನೋಡುತ್ತಿದ್ದ. ಕುಕ್ಕರು ಹೋಗಿ ಆಗಿನ್ನೂ ಮೂರು ದಿನ.

"ಏನೂ ಆಗಬೇಕಿಲ್ಲ" ಎಂದುಬಿಟ್ಟಳು. ಬಾಗಿಲು ಹಾಕಿ ಚಿಲಕವನ್ನೂ ಹಾಕಿದಳು.

ಆಗೆಲ್ಲ ಈ ಕಿಟಕಿ ಗಿಟಕಿ ಏನೂ ಇರಲಿಲ್ಲ. ಪುಡಿ ಹಿಡಿದವನನ್ನು ರೋಗಿ ಅನ್ನುವ ಕಾಲವೇ ಅಲ್ಲ ಅದು, ಸಿಕ್ಕರೆ ಸೀದಾ ಜೈಲು. ಕಾವಲುಗಾರ ಅವನನ್ನು ಪೊಲೀಸರಿಗೆ ಒಪ್ಪಿಸಿದ, ಹನ್ನೊಂದು ತಿಂಗಳು ಒಳಗಿಟ್ಟರು. ಮೂರನೇ ತಿಂಗಳಲ್ಲಿ ಅವಳು ಮನಸ್ಸು ತಡೆಯದೆ ನೋಡಲು ಹೋದಳು. ಒಳಗೆ ಹೋಗಿ ಬಂದ ಪೇದೆ, "ಅಕ್ಕ ಅಂತ ನನಗೆ ಯಾರೂ ಇಲ್ಲ ಅಂತಾನಮ್ಮ" ಅಂದ. ಬಿಡುಗಡೆಯಾದ ಮೇಲೆ ಎಲ್ಲಿ ಹೋದನೋ ಪತ್ತೆಯಿಲ್ಲ. ಹೀಗೆ ಒಂಬತ್ತು ವರ್ಷ ಕಳೆಯಿತು. ಬೀದಿಯಲ್ಲಿ ಅವನಂತೆ ಉದ್ದ ಕಾಲಿನ ಯಾರೇ ಹೋದರೂ ಅವಳು ಎರಡು ಹೆಜ್ಜೆ ಮುಂದೆ ಓಡಿ ತಿರುಗಿ ನೋಡುತ್ತಿದ್ದಳು. ಕುಕ್ಕರಿನ ಮುಚ್ಚಳ ಅಡುಗೆಮನೆಯ ಮೊಳೆಯಲ್ಲಿ ಹಾಗೇ ತೂಗುತ್ತಿತ್ತು.

ವಿಭಾಗ ಶುರುವಾದಾಗ ಬಂದ ಮೊದಲ ಸುತ್ತೋಲೆ ಓದಿ ಅವಳು ಕೆಂಡವಾಗಿದ್ದಳು. ಮಾತ್ರೆ ಬೇಕಾದರೆ ಗುರುತಿನ ಚೀಟಿ ತರಬೇಕು, ಮನೆಯವರ ಪತ್ರ ತರಬೇಕು.

"ಮನೆಯಿಂದ ಆಚೆ ಹಾಕಿಸಿಕೊಂಡವನು ಮನೆಯವರ ಪತ್ರ ಎಲ್ಲಿಂದ ತರ್ತಾನೆ ಡಾಕ್ಟ್ರೇ? ಇದನ್ನ ಬರೆದವರಿಗೆ ತಲೇಲಿ ಏನಿದೆ?"

"ನನ್ನನ್ನ ಕೇಳಿದ್ರೆ? ನಾನೇನು ಬರೆದ್ನಾ?" ಎಂದು ವಿಭಾಗದ ಡಾಕ್ಟರು ನಕ್ಕರು. ಆದರೂ ಅವಳ ಕಾಟ ತಡೆಯಲಾರದೆ ಮೇಲಿನವರಿಗೆ ವರ್ಷಕ್ಕೆರಡು ಪತ್ರ ಬರೆದರು. ನಾಲ್ಕನೇ ವರ್ಷ ಆ ನಿಯಮ ಹೋಯಿತು. ಚೀಟಿ ಬೇಡ, ಹೆಸರನ್ನೂ ಕೂಗುವುದು ಬೇಡ, ಪ್ರತಿಯೊಬ್ಬರಿಗೂ ಒಂದು ನಂಬರು. ಅದರ ಜೊತೆಗೇ ಇನ್ನೊಂದು ನಿಯಮವೂ ಬಂತು. ಸಿಬ್ಬಂದಿ ತಮ್ಮ ಸ್ವಂತ ಸಂಬಂಧಿಕರಿಗೆ ಮಾತ್ರೆ ಕೊಡಕೂಡದು, ಅಂಥವರನ್ನು ಬೇರೆ ಕೇಂದ್ರಕ್ಕೆ ಕಳಿಸಬೇಕು. ನಾಲ್ಕು ವರ್ಷ ಬಾರದವನು ಇನ್ನೆಲ್ಲಿ ಬರುತ್ತಾನೆ ಎಂದುಕೊಂಡು ಅವಳು ಅದನ್ನು ಓದಿ ಸಹಿ ಹಾಕಿದಳು.

ತಮ್ಮ ಬಂದದ್ದು ಅದಾಗಿ ಎರಡು ತಿಂಗಳಿಗೆ. ಮೂಗು ಸೋರುತ್ತಿತ್ತು, ತೋಳಿನ ತುಂಬ ಮುಳ್ಳು ಎದ್ದಿತ್ತು, ಆಕಳಿಕೆಯ ಮೇಲೆ ಆಕಳಿಕೆ. ಪುಡಿ ಇಲ್ಲದೆ ಒಂದು ದಿನ ಕಳೆದ ಮೈ ಅದು, ನೋಡಿದವರಿಗೆ ಗೊತ್ತಾಗುತ್ತದೆ. ಮುಂದಿನ ಎರಡು ಹಲ್ಲು ಇರಲಿಲ್ಲ. ಕಿಟಕಿಯೊಳಗೆ ಯಾರೆಂದು ನೋಡಿದವನೇ ಅರ್ಧ ತಿರುಗಿದ.

ಅವಳಿಗೆ ಹೆಸರು ಹಿಡಿದು ಕೂಗಬೇಕು, ಓಡಿಹೋಗಿ ತಬ್ಬಬೇಕು ಅನಿಸಿತು. ಕೂಗಿದರೆ ಅವನು ಸಂಬಂಧಿಕ. ಬೇರೆ ಕೇಂದ್ರಕ್ಕೆ ಎರಡು ಬಸ್ಸು ಬದಲಾಯಿಸಬೇಕು, ಈ ಸ್ಥಿತಿಯಲ್ಲಿ ಅವನು ಮೊದಲ ಬಸ್ಸಿನ ನಿಲ್ದಾಣವನ್ನೂ ಮುಟ್ಟುವುದಿಲ್ಲ, ನಡುವೆ ಪುಡಿಯವನು ಸಿಕ್ಕೇ ಸಿಗುತ್ತಾನೆ. ಅವಳು ಎಲ್ಲರಿಗೂ ಹೇಳುವಂತೆಯೇ, "ಮುಂದಿನವರು ಬನ್ನಿ, ಗಾಳಿಗೆ ಅಡ್ಡ ನಿಲ್ಲಬೇಡಿ" ಅಂದಳು.

ಅವನು ನಿಂತ. "ಹೊಸದಾಗಿ ಬಂದಿದೀನಿ, ಸಿಸ್ಟರ್" ಅಂದ.

ಡಾಕ್ಟರು ನೋಡಿ ಬರೆದುಕೊಟ್ಟರು. ಇನ್ನೂರ ಹದಿನಾಲ್ಕನೇ ನಂಬರು. ಅವಳು ಮಾತ್ರೆ ಕೊಟ್ಟಳು. ಹತ್ತು ನಿಮಿಷದ ಮೇಲೆ ಅವನು ನಾಲಗೆ ಎತ್ತಿ ತೋರಿಸಿ, "ಆಯ್ತು, ಸಿಸ್ಟರ್" ಅಂದ.

"ಏನಪ್ಪಾ, ನಿನಗೊಬ್ಬನಿಗೇ ಇಂಗ್ಲಿಷಾ?" ಎಂದು ದರ್ಜಿ ಕಿಚಾಯಿಸಿದ. ಬೆಂಚಿನವರೆಲ್ಲ ಮುಚ್ಚಿದ ಬಾಯಲ್ಲೇ ನಕ್ಕರು.

ಐದು ತಿಂಗಳು ಹೀಗೇ ನಡೆಯಿತು. ದಿನಕ್ಕೆ ಹತ್ತು ನಿಮಿಷ, ಅದೂ ಅವನು ಬಾಯಿ ಬಿಡಲಾಗದ ಹತ್ತು ನಿಮಿಷ. ಒಂಬತ್ತು ವರ್ಷದಿಂದ ಕೇಳಲು ಕೂಡಿಟ್ಟುಕೊಂಡದ್ದು ಎಷ್ಟೋ ಇತ್ತು. ಎಲ್ಲಿ ಮಲಗ್ತೀಯ, ಹಲ್ಲಿಗೆ ಏನಾಯ್ತು, ನನ್ನ ಮೇಲೆ ಇನ್ನೂ ಸಿಟ್ಟಾ. ಅವಳು ಕೇಳುತ್ತಿದ್ದದ್ದು, "ಇನ್ನೂರ ಹದಿನಾಲ್ಕು, ನಿದ್ದೆ ಬರ್ತಿದೆಯಾ?" ಎಂದಷ್ಟೆ. ಅವನು ತಲೆ ಆಡಿಸುತ್ತಿದ್ದ. ಕೆನ್ನೆ ತುಂಬಿಕೊಳ್ಳುತ್ತಿತ್ತು. ಅವನು ಬಾರದ ಭಾನುವಾರ ಒಂದು ಬಂತು, ಆ ದಿನ ಅವಳು ಉಳಿದ ಐವತ್ತೊಂಬತ್ತು ಜನರ ಮೇಲೂ ಎಗರಾಡಿದಳು. ಮರುದಿನ ಬಂದ, ಜ್ವರವಿತ್ತಂತೆ. ಬೆಂಚಿನಲ್ಲಿ ಕೂತು ಒಂದು ಸಲ ಗೋಡೆಯ ಮೇಲಿನ ಅಸ್ಥಿಪಂಜರದ ಚಿತ್ರ ನೋಡುತ್ತ ಬೆರಳು ಮಡಿಸುತ್ತಿದ್ದ. ಅವಳೂ ಒಳಗೇ ಎಣಿಸಿದಳು. ಹದಿನೇಳಕ್ಕೆ ನಿಲ್ಲಿಸಿದ.

ಆರನೇ ತಿಂಗಳಲ್ಲಿ ಅವನಿಗೆ ಒಂದು ಛಾಪಾಖಾನೆಯಲ್ಲಿ ಕಾಗದ ಕತ್ತರಿಸುವ ಕೆಲಸ ಸಿಕ್ಕಿತು. ಎಂಟೂವರೆಗೆ ಹಾಜರಿರಬೇಕು. ಕಿಟಕಿ ತೆರೆಯುವುದು ಒಂಬತ್ತಕ್ಕೆ. ಕೆಲಸ ಹಿಡಿದರೆ ಮಾತ್ರೆ ತಪ್ಪುತ್ತದೆ, ಮಾತ್ರೆ ಹಿಡಿದರೆ ಕೆಲಸ. ಆಗಷ್ಟೇ ಇನ್ನೊಂದು ಸುತ್ತೋಲೆ ಬಂದಿತ್ತು: ಸ್ಥಿರವಾಗಿರುವವರಿಗೆ ಒಂದು ವಾರದ ಮಾತ್ರೆ ಮನೆಗೇ ಕೊಡಬಹುದು, ಬೀಗ ಹಾಕಿದ ಡಬ್ಬಿಯಲ್ಲಿ. ಬೀಗದಕೈ ಮಾತ್ರ ಅದೇ ಮನೆಯಲ್ಲಿ ವಾಸಿಸುವ ಸಂಬಂಧಿಕರ ಬಳಿ ಇರಬೇಕು, ಅವರು ಬಂದು ಸಹಿ ಹಾಕಬೇಕು.

ಅವನು ಡಾಕ್ಟರ ಮುಂದೆ ಕೂತಿದ್ದ. ಕಡತ ಕೊಡಲು ಹೋದ ಅವಳು ಅಲ್ಲೇ ನಿಂತಳು.

"ಮನೆಯವರು ಯಾರೂ ಇಲ್ವಾ? ದೂರದವರಾದ್ರೂ?" ಡಾಕ್ಟರು ಕೇಳುತ್ತಿದ್ದರು.

"ಯಾರೂ ಇಲ್ಲ ಸಾರ್."

"ಹಾಗಾದ್ರೆ ಕಷ್ಟ. ನನ್ನ ಕೈಲಿ ಏನೂ ಇಲ್ಲ."

"ಪರವಾಗಿಲ್ಲ ಸಾರ್. ಕೆಲಸ ಬಿಡ್ತೀನಿ." ಅವನು ಎದ್ದ. ಅವಳ ಕಡೆ ನೋಡಲಿಲ್ಲ. ಅವಳ ಕಿಟಕಿ ಉಳಿಯಲಿ ಎಂದು ಹಾಗಂದನೋ, ಅವಳು ಬೇಡ ಎಂದು ಅಂದನೋ, ಅವಳಿಗೆ ತಿಳಿಯಲಿಲ್ಲ. ತಿಳಿಯುವ ತನಕ ಕಾಯುವಷ್ಟು ಪುರಸೊತ್ತೂ ಇರಲಿಲ್ಲ.

"ಸಹಿ ನಾನು ಹಾಕ್ತೀನಿ ಡಾಕ್ಟ್ರೇ."

ಡಾಕ್ಟರು ಕನ್ನಡಕ ತೆಗೆದರು. "ನೀವಾ? ಇವರು ನಿಮಗೆ ಏನಾಗಬೇಕು?"

ಅಂದು ಕಾವಲುಗಾರ ಕೇಳಿದ್ದೂ ಇದೇ ಮಾತು. ಅವಳ ಕೈಗೆ ಆ ಮಧ್ಯಾಹ್ನದ ಒದ್ದೆ ಬಟ್ಟೆ ತಾಗಿದಂತಾಯಿತು.

"ತಮ್ಮ ಆಗಬೇಕು" ಅಂದಳು. "ಒಡಹುಟ್ಟಿದ ತಮ್ಮ. ಐದು ತಿಂಗಳಿಂದ ಮುಚ್ಚಿಟ್ಟಿದೀನಿ. ಏನು ಮಾಡ್ತೀರೋ ಮಾಡಿ."

ಡಾಕ್ಟರು ಕನ್ನಡಕ ಮತ್ತೆ ಹಾಕಿಕೊಂಡು, ನಾಳೆಯಿಂದ ಕಿಟಕಿ ನಿಮಗಿಲ್ಲ, ಗಾಯಕ್ಕೆ ಪಟ್ಟಿ ಕಟ್ಟುವ ಕೋಣೆಗೆ ಹೋಗಿ, ವಿವರಣೆ ಬರೆದುಕೊಡಿ ಅಂದರು. ಅವಳು ಆಗಲಿ ಅಂದಳು. ಆ ಕಿಟಕಿ ಹೋಗುವುದು ಅವಳಿಗೆ ಇಷ್ಟವಿರಲಿಲ್ಲ, ಸುಳ್ಳೇಕೆ.

ತಮ್ಮ ಬಾಗಿಲ ಬಳಿಯೇ ನಿಂತಿದ್ದ. ಅಲ್ಲಿಂದಲೇ ಹೇಳಿದ.

"ಅವತ್ತು ಏನೂ ಆಗಬೇಕಿಲ್ಲ ಅಂದಿದ್ಯಲ್ಲ, ಅಕ್ಕ."

ಆ 'ಅಕ್ಕ'ಗಾಗಿ ಅವಳು ಒಂಬತ್ತು ವರ್ಷ ಕಾದಿದ್ದಳು, ಬಂದದ್ದು ಹೀಗೆ. ಅವಳು ನೆಪ ಹೇಳಲಿಲ್ಲ. "ಅಂದಿದ್ದೆ. ತಪ್ಪಾಯ್ತು ಕಣೋ. ಅವತ್ತಿಂದ ಒಂದು ದಿನಾನೂ ನೆಮ್ಮದಿಯಾಗಿ ಉಂಡಿಲ್ಲ" ಅಂದಳು.

ಅವನು ಬಂದು ಕುರ್ಚಿಯಲ್ಲಿ ಕೂತ. ಡಾಕ್ಟರ ಪೆನ್ನು ತೆಗೆದುಕೊಂಡು ಅರ್ಜಿಯನ್ನು ಹತ್ತಿರಕ್ಕೆ ಎಳೆದು, ಬರೆಯುವ ಅಭ್ಯಾಸ ತಪ್ಪಿದ ಕೈಯಿಂದ ಒಂದೊಂದೇ ಅಕ್ಷರ ಬರೆದ. ವಿಳಾಸದ ಜಾಗದಲ್ಲಿ ಅವಳ ಮನೆಯ ನಂಬರು ಬರೆದ, ಯಾರನ್ನೂ ಕೇಳದೆ. ಆಮೇಲೆ ಅರ್ಜಿಯನ್ನು ಅವಳ ಕಡೆ ತಿರುಗಿಸಿ ಸಹಿಯ ಗೆರೆಯ ಮೇಲೆ ಬೆರಳಿಟ್ಟ.

ಡಾಕ್ಟರು ಬಗ್ಗಿ ಓದಿದರು. ಸಂಬಂಧ ಎಂದಿದ್ದ ಕಡೆ ಅವನು 'ಅಕ್ಕ ಆಗಬೇಕು' ಎಂದು ಬರೆದಿದ್ದ.

"ಅಕ್ಕ ಅಂತಷ್ಟೇ ಬರೆದಿದ್ರೆ ಸಾಕಿತ್ತು" ಅಂದರು.

"ಇರಲಿ ಬಿಡಿ ಡಾಕ್ಟ್ರೇ, ತಿದ್ದಬೇಡಿ" ಎಂದು ಅವಳು ಸಹಿ ಹಾಕಿದಳು.