ಎಣ್ಣೆ ಕೈಯೂ ಅಕ್ಕನ ಮದರಂಗಿಯೂ

ನಾನು ಚಿಕ್ಕವಳಿದ್ದಾಗ, ಈ ಲೋಕದಲ್ಲಿ ಯಾವುದೂ ಶಾಶ್ವತವಲ್ಲ ಎಂದು ಅಪ್ಪ ಬಹಳ ಗಂಭೀರವಾಗಿ ಹೇಳುತ್ತಿದ್ದ. ಹಾಗೆ ಹೇಳುವಾಗ ಅವನ ಬಿಳಿ ಅಂಗಿಯ ಬೆನ್ನ ಮೇಲೆ ನನ್ನ ಐದು ಮದರಂಗಿ ಬೆರಳುಗಳ ಗುರುತು ಎರಡನೆಯ ವರ್ಷಕ್ಕೆ ಕಾಲಿಟ್ಟಿತ್ತು.

ನಮ್ಮ ಮನೆ ಆಗ ಕಾರವಾರದ ಹತ್ತಿರದ ಅರ್ಗಾದಲ್ಲಿತ್ತು. ಬಾವಿಕಟ್ಟೆಯ ಪಕ್ಕದ ಮದರಂಗಿ ಗಿಡಕ್ಕೆ ಅಜ್ಜಿಯೇ ಅಧಿಕಾರಿ. ಅವಳ ಅಪ್ಪಣೆ ಇಲ್ಲದೆ ಆಡು ಕೂಡ ಅದಕ್ಕೆ ಬಾಯಿ ಹಾಕುತ್ತಿರಲಿಲ್ಲ. ನನಗೆ ಎಂಟು ವರ್ಷವಾಗಿದ್ದಾಗ ಅಂಕೋಲೆಯ ಕಡೆ ಅಕ್ಕನ ಮದುವೆ ಗೊತ್ತಾಯಿತು. ಅಕ್ಕನೆಂದರೆ ನನ್ನ ಜಡೆ ಹೆಣೆಯುವವಳು, ಮೀನಿನ ಮುಳ್ಳು ಬಿಡಿಸಿಕೊಡುವವಳು, ನಿದ್ದೆಯಲ್ಲಿ ನಾನು ಒದ್ದರೂ ಸುಮ್ಮನೆ ಮಲಗುವವಳು. ಇಂಥವಳನ್ನು ಬೇರೆ ಮನೆಗೆ ಕೊಟ್ಟುಬಿಡುವ ಮೊದಲು ನನ್ನನ್ನು ಯಾರೂ ಒಂದು ಮಾತು ಕೇಳಲಿಲ್ಲ.

ಮದುವೆಯ ಹಿಂದಿನ ದಿನ ಬೆಳಿಗ್ಗೆ ಅಜ್ಜಿ ಒರಳಿನ ಮುಂದೆ ಕೂತಳು. ಎಲೆಯ ಜೊತೆ ಲಿಂಬೆ ರಸ, ಆರಿದ ಕಪ್ಪು ಚಹಾ, ತನ್ನ ಎಲೆ ಅಡಿಕೆ ಡಬ್ಬಿಯಿಂದ ಒಂದು ಚೂರು ಕಾಚು. ಆ ಹಸಿ ವಾಸನೆ ಮನೆಯೆಲ್ಲ ಹಬ್ಬಿ, ಅಡುಗೆಮನೆಯಲ್ಲಿ ಹುರಿಯುತ್ತಿದ್ದ ಕೊತ್ತಂಬರಿಯ ಘಮವನ್ನೂ ಹಿಂದಕ್ಕೆ ತಳ್ಳಿತು.

"ಕೈಗೆ ಬಣ್ಣ ಇದ್ದಷ್ಟು ದಿನ ಮದುಮಗಳು. ಬಣ್ಣ ಹೋದ ಮೇಲೆ ಸೊಸೆ, ತಿಳೀತನೇ?" ಎಂದಳು ಅಜ್ಜಿ, ಅಕ್ಕನಿಗೆ. ಇದು ನಮ್ಮಲ್ಲಿ ಕಾಯಿದೆ. ಅಂಗೈ ಕೆಂಪಗಿರುವವರೆಗೆ ಹೊಸ ಸೊಸೆಯ ಕೈಗೆ ಯಾರೂ ಕೊಡ ಕೊಡುವಂತಿಲ್ಲ, ಸಗಣಿ ಬಾಚಿಸುವಂತಿಲ್ಲ. "ಅದ್ಕೇ ಗಟ್ಟಿ ಬಣ್ಣ ಹತ್ಬೇಕು. ಎಣ್ಣೆ ತಾಗಿದ ಕೈಗೆ ಹತ್ತೂದಿಲ್ಲ ಮತ್ತೆ. ತಲೆಗೆ ಎಣ್ಣೆ ಹಾಕ್ಕಂಡವ್ರು ಯಾರೂ ಇತ್ಲಾಗೆ ಬರ್ಬೇಡಿ!"

ನಾನು ಅಂಗಳಕ್ಕೆ ಓಡಿದೆ. ಅಪ್ಪ ಚಪ್ಪರ ಕಟ್ಟುತ್ತಿದ್ದ.

"ಅಕ್ಕ ತಿರ್ಗಿ ಯಾವಾಗ ಬರ್ತಾಳೆ?"

"ಕೈ ಬಣ್ಣ ಹೋದಕೂಡ್ಲೆ ನಾನೇ ಕರ್ಕಂಡು ಬರ್ತೆ. ಈಗ ಕಾಲಡಿಗೆ ಬರ್ಬೇಡ, ಹೋಗು."

ಇಬ್ಬರು ಹಿರಿಯರ ಮಾತನ್ನು ಕೂಡಿಸಿ ನೋಡಿದೆ. ಎಣ್ಣೆ ತಾಗಿದರೆ ಬಣ್ಣ ಹತ್ತುವುದಿಲ್ಲ. ಬಣ್ಣ ಹತ್ತದಿದ್ದರೆ ಅಕ್ಕ ಬೇಗ ಬರುತ್ತಾಳೆ. ಇದಕ್ಕಿಂತ ಚೊಕ್ಕವಾದ ತರ್ಕ ನನಗೆ ಆಮೇಲೂ ಹೊಳೆದಿಲ್ಲ. ಕೊಬ್ಬರಿ ಎಣ್ಣೆಯನ್ನು ಎರಡೂ ಅಂಗೈಗೆ ಸುರಿದುಕೊಂಡು ಹೋಗಿ, ಅಕ್ಕನ ಎರಡೂ ಕೈ ಹಿಡಿದು ಕೂತೆ.

"ಎಂತಾ ಆಯ್ತೇ?" ಎಂದಳು ಅಕ್ಕ.

"ಎಂತಾ ಇಲ್ಲ."

ಅವಳು ಕೈ ಬಿಡಿಸಿಕೊಳ್ಳಲಿಲ್ಲ. ಆಯಿ, ಎಂದರೆ ನಮ್ಮಮ್ಮ, ನಮ್ಮಿಬ್ಬರನ್ನು ನೋಡಿ ಕಣ್ಣೊರೆಸಿಕೊಂಡು ಒಳಗೆ ಹೋದಳು. ಅಜ್ಜಿ ಕರೆದಾಗ ಅಕ್ಕ ಸೆರಗಿಗೆ ಅಂಗೈ ಒರೆಸಿ ಚಾಚಿದಳು. ಕಣ್ಣು ಮಂಜಾಗಿದ್ದ ಅಜ್ಜಿ ಪೊರಕೆಯ ಹಿಡಿಕಡ್ಡಿಯಿಂದ ನಡುವೆ ದೊಡ್ಡ ಚಂದ್ರ, ಸುತ್ತ ಚುಕ್ಕಿ ಇಟ್ಟಳು. ಉಳಿದದ್ದನ್ನು ನನ್ನ ಕೈಗೆ ಮೆತ್ತಿದಳು. ಒಣಗಿದ ಹಾಗೆ ಬೆಲ್ಲದ ನೀರು ಚಿಮುಕಿಸಿದರು, ಲವಂಗದ ಹೊಗೆ ಹಿಡಿದರು. ಅಷ್ಟು ಸೇವೆ ದೇವರಿಗೂ ಆಗುತ್ತಿರಲಿಲ್ಲ.

ಸಂಜೆ ಉದುರಿಸಿ ನೋಡಿದರೆ, ಅಕ್ಕನ ಅಂಗೈಯಲ್ಲಿ ಹಾಲು ಹೆಚ್ಚಾದ ಚಹಾದ ಬಣ್ಣ. "ನಾಳೆಗೆ ಏರ್ತದೆ" ಎಂದರು. ಏರಲಿಲ್ಲ. ಗಿಡಕ್ಕೆ ವಯಸ್ಸಾಯಿತೆಂದು ತೀರ್ಪಾಯಿತು. ಗಿಡ ಎದುರುವಾದ ಮಾಡಲಿಲ್ಲ. ನನ್ನ ಕೈಗೂ ಬಣ್ಣ ಹತ್ತಿಲ್ಲವೆಂಬ ಸಾಕ್ಷಿಯನ್ನು ಯಾರೂ ಪರಿಶೀಲಿಸಲಿಲ್ಲ.

ಅಕ್ಕ ಹೋದ ಮೇಲೆ ದಿನಾ ಸಂಜೆ ಬೇಲಿಬಾಗಿಲ ದಣಪೆಯ ಹತ್ತಿರ ನಿಲ್ಲುತ್ತಿದ್ದೆ. ಅಂಕೋಲೆಯ ಬಸ್ಸು ಧೂಳೆಬ್ಬಿಸಿಕೊಂಡು ಬರುವುದು, ಯಾರನ್ನೋ ಇಳಿಸುವುದು, ಹೋಗುವುದು. ಎಂಟನೆಯ ದಿನ ಆ ಕಡೆಯಿಂದ ಬಂದ ನೆಂಟರೊಬ್ಬರು ಆಯಿಗೆ ಹೇಳಿದರು: "ನಿಮ್ಮ ಮಗಳು ಕೊಟ್ಟಿಗೇಲಿ ಸಗಣಿ ಬಾಚ್ತಿದ್ಲು. ಕೈಲಿ ಬಣ್ಣವೇ ಇಲ್ವಲೆ, ಇನ್ನೆಂತಕೆ ಕೂತ್ಕಣೂದು ಅಂದ್ರು ಅವಳ ಅತ್ತೆ." ಅಪ್ಪನಿಗೆ ಅವನ ಮಾತನ್ನು ನೆನಪಿಸಿದೆ. "ಮುಂದಿನ ವಾರ" ಎಂದ. ಮುಂದಿನ ವಾರ ಮಳೆ ಹಿಡಿಯಿತು, ಗದ್ದೆ ಕೆಲಸ ಶುರುವಾಯಿತು. ನಾನು ಊಟ ಬಿಟ್ಟೆ. ಹೊಟ್ಟೆ ಕೆಟ್ಟಿದೆಯೆಂದು ಅಜ್ಜಿ ಕಷಾಯ ಕುಡಿಸಿದಳು.

ಮೊನ್ನೆ ನಿಮ್ಮ ದೊಡ್ಡಕ್ಕನ ಮದುವೆಯಲ್ಲಿ ನೀವೇ ನೋಡಿದಿರಲ್ಲ, ಮೊಮ್ಮಕ್ಕಳೇ. ಕಾರವಾರ ಪೇಟೆಯಿಂದ ಕೋನ್ ಬಂತು, ಒಂದು ತಾಸಿನಲ್ಲಿ ಮೊಣಕೈವರೆಗೆ ಬಳ್ಳಿ ಹಬ್ಬಿತು. ದಿಬ್ಬಣದ ಗಾಡಿ ಅಂಕೋಲೆಯ ಹತ್ತಿರದ ಬಾಳೆಗುಳಿ ದಾಟುವ ಮೊದಲೇ ಅವಳು ಆ ಕೈಯಲ್ಲೇ ಮೊಬೈಲ್ ಹಿಡಿದು ಮೂರು ಸಲ ಫೋನ್ ಮಾಡಿದಳು. ನಮ್ಮ ಅರ್ಗಾದ ಮನೆಯಿದ್ದ ಜಾಗ ಈಗ ನೌಕಾನೆಲೆಯ ಗೋಡೆಯ ಒಳಗಿದೆ. ಗಿಡದ ಕಥೆ ಏನಾಯಿತೋ ಗೊತ್ತಿಲ್ಲ.

ಮೊನ್ನೆಯ ಆ ಮದುವೆಯಲ್ಲಿ ನನ್ನ ಪಕ್ಕ ಕೂತಿದ್ದ ಅಕ್ಕನಿಗೆ, ನಿಮ್ಮ ದೊಡ್ಡಜ್ಜಿಗೆ, ಐವತ್ತು ವರ್ಷದ ಮೇಲೆ ತಪ್ಪೊಪ್ಪಿಕೊಂಡೆ. ಅವಳು ನಗಲಿಲ್ಲ.

"ಎಣ್ಣೆ ಸುರೀತಿದ್ದ ಕೈಲಿ ಹಿಡ್ಕಂಡ್ರೆ ಗೊತ್ತಾಗೂದಿಲ್ವನೇ? ಅಪ್ಪ ಅಂಗಳದಲ್ಲಿ ನಿಂಗೆ ಹೇಳಿದ್ದು ನಂಗೂ ಕೇಳಿತ್ತು. ನಂಗೂ ಬೇಗ ಬರೂದಿತ್ತು."

ಆಗ ಅವಳ ಕೈಯ ಬಣ್ಣ ನಾಲ್ಕನೆಯ ದಿನಕ್ಕೆ ಹೋಗಿತ್ತು. ಅಕ್ಕ ತವರಿಗೆ ಬಂದದ್ದು ಚೌತಿಗೆ, ನಾಲ್ಕು ತಿಂಗಳ ಮೇಲೆ.