ಖಣಿಯ ನೀರಿಗೆ ಇಳಿದಿದ್ದ ನೂಲು

ದೆವ್ವ, ಮಾಟ, ಮಂತ್ರ ಇಂಥ ಮಾತು ಶುರುವಾದರೆ ಎದ್ದು ಹೋಗುವ ಪೈಕಿ ನಾನು. ವಿದ್ಯಾಗಿರಿಯಲ್ಲಿ ನನ್ನದೊಂದು ಸೀರೆ ಅಂಗಡಿ ಇದೆ. ವಾರ ನೋಡಿ ಸೀರೆ ಕೊಳ್ಳುವ ಗಿರಾಕಿಗಳನ್ನು ಕಂಡು ಒಳಗೊಳಗೇ ನಗುತ್ತಿದ್ದೆ. ಈಗ ನಗುವುದಿಲ್ಲ. ಹಾಗೆಂದು ಎಲ್ಲವನ್ನೂ ನಂಬುತ್ತೇನೆ ಎಂದೂ ಹೇಳಲಾರೆ. ಕಂಡದ್ದನ್ನು ಕಂಡ ಹಾಗೆ ಬರೆಯುತ್ತೇನೆ, ನಿಮಗೆ ಏನನ್ನಿಸುತ್ತದೋ ನೋಡಿ.

ಆಗ ನಾನು ಇಳಕಲ್ಲಿನ ಹಸೀನಾಳ ಮನೆಯಿಂದ ಸೀರೆ ತರುತ್ತಿದ್ದೆ. ಇಳಕಲ್ ಸೀರೆಯಲ್ಲಿ ಒಡಲಿನ ನೂಲು ಬೇರೆ, ಸೆರಗಿನ ನೂಲು ಬೇರೆ. ಎರಡನ್ನೂ ಮಗ್ಗದ ಮೇಲೆಯೇ ಎಳೆಗೆ ಎಳೆ ಕೊಂಡಿ ಹಾಕಿ ಜೋಡಿಸಬೇಕು. ಹಸೀನಾ ಹಾಕಿದ ಕೊಂಡಿ ಬೆರಳಾಡಿಸಿ ಹುಡುಕಿದರೂ ಸಿಗುತ್ತಿರಲಿಲ್ಲ. ಅವಳಿಗೆ ಮನೆಯಲ್ಲಿ ತನ್ನವನೆಂದು ಇದ್ದವನು ತಮ್ಮ ದಸ್ತಗೀರ ಒಬ್ಬನೇ. ಊರ ಹೊರಗಿನ ಕೆಂಪು ಕಲ್ಲಿನ ಖಣಿಯಲ್ಲಿ ಮಶೀನು ನಡೆಸುತ್ತಿದ್ದ. ಒಂದು ಮುಂಜಾನೆ ಕೆಲಸಕ್ಕೆ ಹೋದವನು ತಿರುಗಿ ಬರಲಿಲ್ಲ. ಪೊಲೀಸರು ಹುಡುಕಿದರು. ಬಂಧುಗಳು ಸೊಲ್ಲಾಪುರದವರೆಗೂ ಹೋಗಿ ಬರಿಗೈಯಲ್ಲಿ ಬಂದರು. ಆಮೇಲೆ ಖಣಿಯೂ ಮುಚ್ಚಿ, ಅದರ ತುಂಬ ನೀರು ನಿಂತಿತು.

ಹೀಗಿರುವಾಗ ಒಂದು ಮಧ್ಯಾಹ್ನ ಸೀರೆಗೆಂದು ನಾನು ಹೋದಾಗ ಹಸೀನಾಳ ಓಣಿಯ ಉದ್ದಕ್ಕೂ ಬಣ್ಣವಿಲ್ಲದ ನೂಲಿನ ಪಟ್ಟಿಯೊಂದನ್ನು ಬಿಗಿದಿದ್ದರು. ಗಂಜಿ ಹಚ್ಚಲು ಹೀಗೆ ನೂಲು ಬಿಗಿಯುವುದು ಅಲ್ಲಿ ದಿನದ ಕೆಲಸ, ನಾನು ಲಕ್ಷ್ಯ ಕೊಡಲಿಲ್ಲ. ಆದರೆ ನೂಲಿನ ತುದಿ ಹಸೀನಾಳ ಮನೆಯೊಳಗೇ ಹೋಗಿತ್ತು. ಒಳಗೆ ಮಗ್ಗದ ಸುತ್ತ ಗುರುತಿಲ್ಲದ ಹೆಂಗಸರು ಕೂತಿದ್ದರು. ಬೆನ್ನಿನ ಮೇಲೆ ಬಿಚ್ಚಿ ಕಟ್ಟಿದ ಸಣ್ಣ ಮಗ್ಗಗಳು. ಊರೂರು ತಿರುಗುತ್ತ ನೇಯುವ ಮಂದಿ ಇವರು, ಇಡೀ ಕುಲಕ್ಕೆ ಒಂದೇ ಬಟ್ಟೆ, ಓಣಿಯಲ್ಲಿ ಬಿಗಿದದ್ದು ಅದರದೇ ನೂಲು, ಮಗು ಹುಟ್ಟಿದರೆ ಅದರಲ್ಲಿ ಒಂದು ಎಳೆ ಸೇರಿಸುತ್ತಾರೆ, ಸತ್ತರೂ ಎಳೆ ತೆಗೆಯುವುದಿಲ್ಲ, ಇವರ ಹತ್ತಿರ ಕತ್ತರಿಯೇ ಇಲ್ಲ ಎಂದು ಹಸೀನಾ ಪಿಸುಗುಟ್ಟಿದಳು. ಅವರಲ್ಲಿ ಕನ್ನಡ ಬರುತ್ತಿದ್ದುದು ಒಬ್ಬ ಮುದುಕಿಗೆ ಮಾತ್ರ.

ಮುದುಕಿ ಪಟ್ಟಿಯ ಅಂಚಿನಲ್ಲಿ ಬೆರಳಗಲ ಇದ್ದ ಕೆಂಪು ಎಳೆಗಳನ್ನು ತೋರಿಸಿದಳು.

"ಇವು ನಮ್ಮ ಎಳಿ ಅಲ್ಲವ್ವಾ. ಖಣಿ ದಾಟಿ ಬರೂ ಮುಂದ ನಮ್ಮ ಬಟ್ಟಿಯೊಳಗ ಸಿಕ್ಕೊಂಡಾವು. ಜಗ್ಗಾಕತ್ತಾವು. ನಾವು ಕತ್ತರಸಂಗಿಲ್ಲ. ಇವು ಯಾರ ಮನಿವೋ, ಅವರೇ ಕೊಂಡಿ ಹಾಕಿ ಬಿಡಿಸ್ಕೋಬೇಕು."

"ಹಾಕಿದ್ರ ಏನ್ ಆಗ್ತೈತಿ?" ಹಸೀನಾ ಕೇಳಿದಳು.

"ಭಾರ ಯಾವ ಕಡೆ ಐತೋ ಆ ಕಡೆ ಹೋಗ್ತಾವು. ನೀ ಭಾರ ಇದ್ರ ನಿನ್ನ ತಮ್ಮ ಬರ್ತಾನ. ಅಂವ ಭಾರ ಇದ್ರ ನೀ ಹೋಗ್ತಿ."

ತಮ್ಮನ ಮಾತನ್ನು ತಾನು ಅವರ ಮುಂದೆ ಎತ್ತಿಯೇ ಇರಲಿಲ್ಲವೆಂದು ಹಸೀನಾ ಆಮೇಲೆ ಹೇಳಿದಳು. ಆ ಹೊತ್ತಿಗೆ ನನಗೆ ಬಂದದ್ದು ಸಿಟ್ಟು. ಊರಲ್ಲಿ ಯಾರನ್ನೋ ಕೇಳಿಕೊಂಡು ಬಂದಿದ್ದಾರೆ ಎಂದುಕೊಂಡೆ. "ಬ್ಯಾಡ ಹಸೀನಾ, ಇವರು ಯಾರೋ ಏನೋ" ಎಂದೆ.

"ಸತ್ತಾನ ಅಂತ ಅಳಾಕೂ ಬರವಲ್ದು ಅಕ್ಕಾರ, ಅದಾನ ಅಂತ ಸುಮ್ನ ಇರಾಕೂ ಆಗವಲ್ದು" ಎಂದು ಹೇಳಿ ಅವಳು ಮಗ್ಗದ ಕುಣಿಗೆ ಕಾಲು ಇಳಿಬಿಟ್ಟು ಕೂತಳು. ಬೆರಳುಗಳು ಕೆಲಸಕ್ಕೆ ಹತ್ತಿದವು.

ಇನ್ನೊಂದು ತುದಿಯನ್ನು ಯಾರೋ ಹಿಡಿದು ಎಳೆಯುತ್ತಿರಬೇಕು, ಅವರನ್ನು ಹಿಡಿದುಕೊಟ್ಟರೆ ಇವಳು ಬಿಡುತ್ತಾಳೆ ಎಂದು ನಾನು ನೂಲಿನ ಗುಂಟ ಹೊರಟೆ. ಓಣಿ ಮುಗಿಯಿತು, ನೂಲು ಮುಗಿಯಲಿಲ್ಲ. ಹೊಲದ ಬದುವಿನ ಮೇಲೆ ಅಲ್ಲಲ್ಲಿ ಆ ಕುಲದ ಗಂಡಸರು, ಹೆಂಗಸರು ಅಂಗೈ ಮೇಲೆ ನೂಲನ್ನು ಆನಿಸಿಕೊಂಡು ನಿಂತಿದ್ದರು. ಒಬ್ಬರೂ ನನ್ನ ಕಡೆ ನೋಡಲಿಲ್ಲ. ಹೊತ್ತು ಇಳಿಯುತ್ತಿತ್ತು. ಕೊನೆಯವನು ನಿಂತದ್ದು ಖಣಿಯ ಅಂಚಿಗೆ. ಅಲ್ಲಿಂದ ಬಿಳಿ ಎಳೆಗಳು ಅವನ ಸೊಂಟಕ್ಕೆ ಸುತ್ತಿದ್ದವು, ಕೆಂಪು ಎಳೆಗಳಷ್ಟೇ ಕೆಳಗಿಳಿದು ಹಸಿರು ನೀರಿನೊಳಗೆ ಹೋಗಿದ್ದವು. ಜೋಲು ಬಿದ್ದಿರಲಿಲ್ಲ, ತಂತಿಯ ಹಾಗೆ ಬಿಗಿದಿದ್ದವು. ನಾನು ಬೆರಳಿಟ್ಟು ನೋಡಿದೆ. ನೂಲು ಬೆಚ್ಚಗಿತ್ತು. ಕೆಳಗಿನಿಂದ ಯಾರೋ ತಡೆತಡೆದು ಎಳೆಯುತ್ತಿದ್ದರು.

ನಾನು ಹೇಗೆ ಓಡಿ ಬಂದೆನೋ ಗೊತ್ತಿಲ್ಲ. ಅಷ್ಟರಲ್ಲಿ ಹಸೀನಾ ಕೊಂಡಿ ಹಾಕಿ ಮುಗಿಸಿದ್ದಳು. ಕೆಂಪು ಎಳೆಗಳು ಅವಳ ಎರಡೂ ಮುಂಗೈಗೆ ಸುತ್ತಿಕೊಂಡಿದ್ದವು. ಎದೆ ಮಗ್ಗದ ಮರಕ್ಕೆ ಒತ್ತಿ ಉಸಿರು ಕಟ್ಟುತ್ತಿತ್ತು. "ಹಿಡೀರಿ ಅಕ್ಕಾರ" ಎಂದಳು. ನಾನು ಹಿಂದಿನಿಂದ ಅವಳ ಸೊಂಟ ತಬ್ಬಿ, ಕುಣಿಯ ಗೋಡೆಗೆ ಕಾಲು ಕೊಟ್ಟು, ನನ್ನ ಭಾರವನ್ನೆಲ್ಲ ಹಾಕಿ ಜಗ್ಗಿದೆ. ಮಗ್ಗದ ಕಂಬ ಲಟಕ್ಕೆಂದಿತು. ಇನ್ನೇನು ಇಬ್ಬರೂ ಹೋದೆವು ಅನ್ನುವಾಗ ಒಮ್ಮೆಲೇ ಸಡಿಲಾಗಿ ಅಂಗಾತ ಬಿದ್ದೆವು.

ಕೆಂಪು ನೂಲು ತಾನಾಗಿಯೇ ಸರಿದು ಬಾಗಿಲೊಳಗೆ ಬಂತು. ನೀರಲ್ಲಿ ನೆಂದಿತ್ತು, ಮೈತುಂಬ ಕೆಂಪು ಕಲ್ಲಿನ ಪುಡಿ. ತುದಿ ಖಾಲಿ. ಹರಿದ ಗುರುತೂ ಇಲ್ಲ. ಮುದುಕಿ ಆ ತುದಿಯನ್ನು ನೋಡಲಿಲ್ಲ, ನಮ್ಮನ್ನೂ ನೋಡಲಿಲ್ಲ. ನಮ್ಮ ಹಿಂದೆ, ಕತ್ತಲಾಗಿದ್ದ ಒಳಕೋಣೆಯ ಕಡೆ ನೋಡಿದಳು. ಸೆರಗಿನಿಂದ ಮುಖ ಮುಚ್ಚಿಕೊಂಡು ಎದ್ದಳು. ಉಳಿದವರೂ ಎದ್ದರು. ಹಿಂತಿರುಗಿ ನೋಡದೆ ಹೋದರು.

ಆಮೇಲೆ ಬಂಧುಗಳು ಪಂಪು ಹಚ್ಚಿ ಖಣಿಯ ನೀರು ತೆಗೆಸಿದರು. ಕಲ್ಲಿನ ಹೊರತು ಏನೂ ಸಿಗಲಿಲ್ಲ. ಆ ಮಂದಿಯನ್ನು ಕಮತಗಿಯಲ್ಲಿ ವಿಚಾರಿಸಿದೆ, ಚೊಳಚಗುಡ್ಡದವರೆಗೂ ಹೋಗಿ ಕೇಳಿದೆ. ಅಂಥವರನ್ನು ಕಂಡವರಿಲ್ಲ.

ಕೆಲವು ತಿಂಗಳು ಬಿಟ್ಟು ಮತ್ತೆ ಹಸೀನಾಳ ಮನೆಗೆ ಹೋದೆ. ಬಡಕಲಾಗಿದ್ದಳು. ಹೊರಗೆ ಕೂತು ನೂಲು ಸುತ್ತುತ್ತಿದ್ದಳು. ಮನೆಯ ಬಾಗಿಲು ಹಾಕಿತ್ತು. ಅದರ ಹಿಂದೆ ಯಾರೋ ಮಗ್ಗ ನಡೆಸುವ ಸಪ್ಪಳ ಕೇಳುತ್ತಿತ್ತು. ನನಗೆ ಖುಷಿಯಾಯಿತು. "ದಸ್ತಗೀರ ಬಂದಾನೇನು?" ಎಂದು ಕೇಳಿದೆ.

ಅವಳು ತಲೆ ಎತ್ತಲಿಲ್ಲ.

"ಬಂದೈತ್ರಿ" ಎಂದಳು.

ಒಳಗಿನ ಸಪ್ಪಳ ನಿಂತಿತು. ನಾನು ಹಾಗೆಯೇ ಹಿಂತಿರುಗಿದೆ. ಅವತ್ತು ನಾನು ಹಿಡಿಯದಿದ್ದರೆ ಹಸೀನಾ ಉಳಿಯುತ್ತಿರಲಿಲ್ಲ, ಅಷ್ಟು ನನಗೆ ಗೊತ್ತು. ಆದರೆ ನಾವಿಬ್ಬರೂ ಸೇರಿ ಆ ಮನೆಯೊಳಗೆ ಎಳೆದು ತಂದದ್ದು ಏನು ಎಂಬುದು ಇವತ್ತಿಗೂ ನನಗೆ ತಿಳಿದಿಲ್ಲ.